ಓಮರ್ ಶರೀಫ್ ಅವರ ‘ಎರಡು ಮೊದಲ ಚಿತ್ರ’ಗಳ ಗೊಂದಲಕ್ಕೆ ಪ್ರತಿಕ್ರಿಯೆ

ಈಜಿಪ್ಟಿನ ನಟ ಓಮರ್ ಶರೀಫ್ ಅವರ ಚಿತ್ರಗಳ ಪಟ್ಟಿ ಮಾಡುವಾಗ 1954ರಲ್ಲೇ ಎರಡು ‘ಮೊದಲ ಚಿತ್ರ’ಗಳು ಬಂದಿವೆ, ‘ಗೋಹಾ’ ಎಂಬ ಚಿತ್ರ ಸಿಗುತ್ತಿಲ್ಲ ಎಂದು ನೀವು ಕೇಳಿದ್ದೀರಿ. ನಿಮ್ಮ ಪಟ್ಟಿಯಲ್ಲಿ ಎರಡು ‘ಮೊದಲ ಚಿತ್ರ’ಗಳು ಬಂದಿರುವುದಕ್ಕೆ ಕಾರಣ, ಬಹುಮಟ್ಟಿಗೆ, ಒಂದೇ ಚಿತ್ರವು ಅರಬ್ಬಿ ಹೆಸರಿನಲ್ಲೊಮ್ಮೆ, ಇಂಗ್ಲಿಷ್ ಹೆಸರಿನಲ್ಲೊಮ್ಮೆ ಸೇರಿಕೊಂಡಿರುವುದು. ಯೂಸುಫ್ ಶಾಹೀನ್ ನಿರ್ದೇಶಿಸಿದ ‘ಸಿರಾ ಫಿಲ್ ವಾದಿ’ಯೇ ಇಂಗ್ಲಿಷಿನಲ್ಲಿ ‘ದಿ ಬ್ಲೇಜಿಂಗ್ ಸನ್’; ಆದ್ದರಿಂದ ಮೊದಲು ಅರಬ್ಬಿ ಹೆಸರನ್ನು ಉಳಿಸಿಕೊಂಡು ಇನ್ನೊಂದನ್ನು ತೆಗೆದುಹಾಕಿ.

ಹಾಗೆ ಮಾಡುವಾಗ ‘ಸಿರಾ ಫಿಲ್ ಮೀನಾ’ವನ್ನೂ ಅದರ ಜೊತೆಗೆ ಅಳಿಸಿಬಿಡಬೇಡಿ. ಎರಡಕ್ಕೂ ನಿರ್ದೇಶಕರು ಶಾಹೀನ್ ಅವರೇ, ನಾಯಕಿ ಫಾತಿನ್ ಹಮಾಮಾ ಅವರೇ, ಹೆಸರಿನಲ್ಲಿ ಬದಲಾಗುವುದು ಕೊನೆಯ ಪದವೊಂದೇ. ಆದರೆ ವಾದಿ ಎಂದರೆ ಕಣಿವೆ, ಮೀನಾ ಎಂದರೆ ಬಂದರು, ಮತ್ತು ಇದು 1956ರ ಬೇರೆಯದೇ ಚಿತ್ರ. ಇಂಥದೇ ಪಟ್ಟಿ ಮಾಡುವಾಗ ನಾನು ಎಡವಿದ್ದೂ ಇಲ್ಲಿಯೇ.

ಬಳಿಕ ನಟನ ಹೆಸರನ್ನು ಪರಿಶೀಲಿಸಿ. 1932ರಲ್ಲಿ ಅಲೆಕ್ಸಾಂಡ್ರಿಯಾದ ಕ್ರೈಸ್ತ ಕುಟುಂಬದಲ್ಲಿ ಹುಟ್ಟಿದಾಗ ಶರೀಫ್ ಅವರ ಹೆಸರು ಮಿಶೆಲ್ ಶಲ್ಹೂಬ್. ಇಸ್ಲಾಂ ಸ್ವೀಕರಿಸಿ 1955ರಲ್ಲಿ ಫಾತಿನ್ ಅವರನ್ನೇ ಮದುವೆಯಾದರು. ಈ ಹುಟ್ಟುಹೆಸರು ಜೀವನವಿವರದಲ್ಲಿರಲಿ, ಚಿತ್ರಪಟ್ಟಿಯಲ್ಲಿ ಬೇಡ. 1958ರ ‘ಗೋಹಾ’ ನಿಮಗೆ ಸಿಗದಿರುವುದು, ನನ್ನ ಊಹೆಯಂತೆ, ಫ್ರೆಂಚ್ ರೂಢಿಯ ಕಾಗುಣಿತದಲ್ಲಿ ಶರೀಫ್ ಎಂಬುದು ‘ಎಸ್’ ಬದಲು ‘ಸಿ’ ಅಕ್ಷರದಿಂದ ಆರಂಭವಾಗುವ ಕಾರಣಕ್ಕೆ. ಹಾಗೆ ಬರೆದು ಇನ್ನೊಮ್ಮೆ ಹುಡುಕಿ.

‘ಲಾರೆನ್ಸ್ ಆಫ್ ಅರೇಬಿಯಾ’ (1962) ಮತ್ತು ಅದರ ನಂತರದ ಇಂಗ್ಲಿಷ್ ಚಿತ್ರಗಳಿಗೆ ಈ ತೊಡಕು ಅಷ್ಟಾಗಿ ಇಲ್ಲ. ಅದಕ್ಕೂ ಹಿಂದಿನ ಪ್ರತಿಯೊಂದು ನಮೂದಿನ ಮುಂದೆ ವರ್ಷ, ನಿರ್ದೇಶಕ, ನಾಯಕಿ ಈ ಮೂರನ್ನೂ ಬರೆದುಕೊಳ್ಳಿ. ಮೂರೂ ತಾಳೆಯಾದ ಸಾಲುಗಳನ್ನು ಮಾತ್ರ ಒಂದುಗೂಡಿಸಿ.