ಟಿಎಸ್‌ಎಚ್ ಒಂದು ಸಲ ಏರಿದ್ದಕ್ಕೆ ಜೀವನಪೂರ್ತಿ ಮಾತ್ರೆಯೇ?

ಈ ವಾರದ ಪತ್ರಗಳೆಲ್ಲ ಥೈರಾಯ್ಡ್‌ಗೆ ಸಂಬಂಧಿಸಿದವು. ಮೊದಲ ಪತ್ರದಂಥವು ನನಗೆ ಅತಿ ಹೆಚ್ಚು ಬರುತ್ತವೆ. ಹಾಗಾಗಿ ಅದಕ್ಕೆ ಸ್ವಲ್ಪ ವಿವರವಾಗಿಯೇ ಉತ್ತರಿಸುತ್ತೇನೆ.

ಪ್ರಶ್ನೆ: ನಮ್ಮ ಅಮ್ಮನಿಗೆ 71 ವರ್ಷ. ಮೂರು ತಿಂಗಳ ಹಿಂದೆ ಹೆಲ್ತ್ ಚೆಕಪ್ ಪ್ಯಾಕೇಜಿನಲ್ಲಿ ಟಿಎಸ್‌ಎಚ್ 6.8 ಬಂತು. ಫ್ರೀ ಟಿ4 ಸರಿಯಾಗಿತ್ತು, ಅವರಿಗೆ ತೊಂದರೆಯೇನೂ ಇರಲಿಲ್ಲ. ಆದರೂ ಅದೇ ದಿನ 50 ಮೈಕ್ರೋಗ್ರಾಂ ಥೈರಾಯ್ಡ್ ಹಾರ್ಮೋನ್ ಮಾತ್ರೆ ಶುರು ಮಾಡಿದರು. ಈಗ ರಾತ್ರಿ ನಿದ್ದೆ ಇಲ್ಲ, ಎದೆ ಡವಡವ ಎನ್ನುತ್ತೆ ಅಂತಾರೆ. ಈ ಮಾತ್ರೆ ಜೀವನಪೂರ್ತಿ ಬೇಕಾ?
— ಓದುಗಿ, ಹಾಸನ

ಉತ್ತರ: ಮೊದಲು ಎದೆ ಡವಡವದ ವಿಷಯ. ನಾಳೆಯೇ ಅಮ್ಮನನ್ನು ವೈದ್ಯರ ಬಳಿ ಕರೆದೊಯ್ದು ಇಸಿಜಿ ಮಾಡಿಸಿ, ಟಿಎಸ್‌ಎಚ್ ಮತ್ತು ಫ್ರೀ ಟಿ4 ಮತ್ತೆ ನೋಡಿಸಿ. ವಯಸ್ಸಾದವರಿಗೆ ಈ ಮಾತ್ರೆ ಹೆಚ್ಚಾದರೆ ಹೃದಯದ ಬಡಿತ ತಾಳ ತಪ್ಪಬಹುದು, ಮೂಳೆಯೂ ಸವೆಯುತ್ತದೆ. ಅಷ್ಟು ವಯಸ್ಸಿನಲ್ಲಿ ನಿಜವಾಗಿಯೂ ಮಾತ್ರೆ ಬೇಕಿದ್ದರೂ 12.5 ಅಥವಾ 25 ಮೈಕ್ರೋಗ್ರಾಂನಿಂದ ಶುರು ಮಾಡುವುದು ವಾಡಿಕೆ.

ಇನ್ನು ಆ 6.8. ಟಿಎಸ್‌ಎಚ್ ಎಂಬುದು ಥೈರಾಯ್ಡ್ ಗ್ರಂಥಿಯ ಹಾರ್ಮೋನ್ ಅಲ್ಲ. ಮಿದುಳಿನ ಬುಡದಲ್ಲಿರುವ ಪಿಟ್ಯುಟರಿ ಗ್ರಂಥಿ, ‘ಇನ್ನಷ್ಟು ಕೆಲಸ ಮಾಡು’ ಎಂದು ಥೈರಾಯ್ಡ್‌ಗೆ ಕಳಿಸುವ ತಾಕೀತು ಅದು. ತಾಕೀತು ಸ್ವಲ್ಪ ಜೋರಾಗಿದೆ, ಆದರೆ ಥೈರಾಯ್ಡ್ ಕೊಡಬೇಕಾದ ಟಿ4 ಹಾರ್ಮೋನ್ ಸರಿಯಾಗಿಯೇ ಬರುತ್ತಿದೆ ಎಂದರೆ ಅದನ್ನು ಸಬ್‌ಕ್ಲಿನಿಕಲ್ ಹೈಪೋಥೈರಾಯ್ಡಿಸಂ ಅನ್ನುತ್ತೇವೆ. ಜ್ವರವೋ ಬೇರೆ ಕಾಯಿಲೆಯೋ ಬಂದು ಚೇತರಿಸಿಕೊಳ್ಳುವಾಗ ಟಿಎಸ್‌ಎಚ್ ಕೆಲವು ವಾರ ಏರಿರುವುದುಂಟು. ವಯಸ್ಸಾದಂತೆ ತಾನಾಗಿಯೇ ಒಂದಿಷ್ಟು ಮೇಲೆ ಸರಿಯುತ್ತದೆ. ಲ್ಯಾಬಿನ ಕಾಗದದಲ್ಲಿ ಅಚ್ಚಾಗಿರುವ ‘4.5ರವರೆಗೆ ನಾರ್ಮಲ್’ ಎಂಬ ಗೆರೆ ಮಾತ್ರ 25ರ ಯುವತಿಗೂ 71ರ ಅಜ್ಜಿಗೂ ಒಂದೇ.

ಅದಕ್ಕೇ ಮಾರ್ಗಸೂಚಿಗಳು ಒಂದೇ ರಿಪೋರ್ಟ್ ನೋಡಿ ಮಾತ್ರೆ ಬರೆಯಬೇಡಿ ಎನ್ನುತ್ತವೆ. ಎರಡು ಮೂರು ತಿಂಗಳು ಬಿಟ್ಟು ಮತ್ತೆ ಪರೀಕ್ಷೆ ಮಾಡಬೇಕು. ಎಷ್ಟೋ ಜನರಲ್ಲಿ ಆ ಹೊತ್ತಿಗೆ ಅದು ತಾನೇ ಇಳಿದಿರುತ್ತದೆ. ಏರಿಯೇ ಇದ್ದರೆ ಟಿಪಿಒ ಆ್ಯಂಟಿಬಾಡಿ, ಅಂದರೆ ದೇಹ ತನ್ನದೇ ಥೈರಾಯ್ಡ್ ವಿರುದ್ಧ ತಯಾರಿಸುವ ಪ್ರತಿಕಾಯ ಇದೆಯೇ ಎಂದು ನೋಡುತ್ತೇವೆ. ಅದು ಪಾಸಿಟಿವ್ ಬಂದರೆ ಮುಂದೆ ನಿಜವಾದ ಕೊರತೆ ಆಗುವ ಸಂಭವ ಜಾಸ್ತಿ, ವರ್ಷಕ್ಕೊಮ್ಮೆ ಪರೀಕ್ಷಿಸುತ್ತಿರಬೇಕು. ಟಿಎಸ್‌ಎಚ್ 10 ದಾಟಿ ಅಲ್ಲೇ ನಿಂತರೆ ಆಗ ಚಿಕಿತ್ಸೆಯ ಮಾತು.

2017ರಲ್ಲಿ ಯುರೋಪಿನ ಒಂದು ದೊಡ್ಡ ಅಧ್ಯಯನ ಪ್ರಕಟವಾಯಿತು. ನಿಮ್ಮ ಅಮ್ಮನಂತೆಯೇ ಟಿಎಸ್‌ಎಚ್ ಸ್ವಲ್ಪ ಏರಿದ್ದ, 65 ದಾಟಿದ 737 ಮಂದಿಯಲ್ಲಿ ಕೆಲವರಿಗೆ ಥೈರಾಯ್ಡ್ ಮಾತ್ರೆ, ಉಳಿದವರಿಗೆ ಔಷಧವಿಲ್ಲದ ಮಾತ್ರೆ ಕೊಟ್ಟರು. ವರ್ಷ ಕಳೆದ ಮೇಲೂ ಸುಸ್ತಿನಲ್ಲಾಗಲಿ ಬೇರೆ ಲಕ್ಷಣಗಳಲ್ಲಾಗಲಿ ಎರಡು ಗುಂಪಿಗೂ ವ್ಯತ್ಯಾಸ ಕಾಣಲಿಲ್ಲ. ಇದು ಗೊತ್ತಿದ್ದೂ ನಾವು ವೈದ್ಯರು ಈ ಮಾತ್ರೆಯನ್ನು ಇಷ್ಟು ಸಲೀಸಾಗಿ ಬರೆಯುತ್ತಿರುವುದು ನನಗೆ ನಿಜಕ್ಕೂ ಬೇಸರದ ಸಂಗತಿ.

ಆದ್ದರಿಂದ ಅಮ್ಮನಿಗೆ ಇದು ಜೀವನಪೂರ್ತಿ ಬೇಕಾಗಲಿಕ್ಕಿಲ್ಲ. ನೀವಾಗಿಯೇ ನಿಲ್ಲಿಸಬೇಡಿ. ‘ಶುರು ಮಾಡುವ ಮೊದಲು ಎರಡನೇ ಸಲ ಪರೀಕ್ಷೆ ಆಗಿರಲಿಲ್ಲ, ನಿಲ್ಲಿಸಿ ನೋಡಬಹುದೇ’ ಎಂದು ವೈದ್ಯರನ್ನು ನೇರವಾಗಿ ಕೇಳಿ. ನಿಲ್ಲಿಸಿದರೆ ಆರರಿಂದ ಎಂಟು ವಾರದ ನಂತರ ಮತ್ತೆ ಟಿಎಸ್‌ಎಚ್ ನೋಡಬೇಕು. ಈ ಔಷಧದ ಅರ್ಧ ಭಾಗ ದೇಹದಿಂದ ಹೋಗಲು ಸುಮಾರು ಒಂದು ವಾರ ಹಿಡಿಯುತ್ತದೆ, ಅದಕ್ಕಿಂತ ಬೇಗ ನೋಡಿದರೆ ಸರಿಯಾದ ಚಿತ್ರ ಸಿಗದು. ಇನ್ನೊಂದು ಮಾತು: ಕೂದಲು, ಉಗುರಿಗೆಂದು ಬಯೋಟಿನ್ ತೆಗೆದುಕೊಳ್ಳುತ್ತಿದ್ದರೆ ಪರೀಕ್ಷೆಗೆ ಎರಡು ದಿನ ಮೊದಲೇ ನಿಲ್ಲಿಸಲಿ. ಅದು ಥೈರಾಯ್ಡ್ ರಿಪೋರ್ಟನ್ನೇ ಏರುಪೇರು ಮಾಡುತ್ತದೆ.

ಪ್ರಶ್ನೆ: ವಯಸ್ಸು 41, ತೂಕ 60 ಕೆ.ಜಿ. ಆರು ವರ್ಷದಿಂದ ಮಾತ್ರೆ ನುಂಗುತ್ತಿದ್ದೇನೆ. ಟಿಎಸ್‌ಎಚ್ ಒಮ್ಮೆ 3, ಒಮ್ಮೆ 12. ಪ್ರತಿ ಸಲ ಡೋಸ್ ಏರಿಸುತ್ತಾರೆ, ಈಗ 150ಕ್ಕೆ ಬಂದಿದೆ.
— ಓದುಗಿ, ದಾವಣಗೆರೆ

ಉತ್ತರ: ಗ್ರಂಥಿ ಪೂರ್ತಿ ಕೈಕೊಟ್ಟವರಿಗೂ ಕೆ.ಜಿ.ಗೆ ಸುಮಾರು 1.6 ಮೈಕ್ರೋಗ್ರಾಂ ಸಾಕು. ನಿಮ್ಮ ತೂಕಕ್ಕೆ ಅದು 100ರ ಆಸುಪಾಸು. 150 ತೆಗೆದುಕೊಂಡೂ ಟಿಎಸ್‌ಎಚ್ ಏರುತ್ತಿದೆ ಎಂದರೆ ಡೋಸ್ ಏರಿಸುವ ಮೊದಲು, ಮಾತ್ರೆ ರಕ್ತಕ್ಕೆ ಸೇರುತ್ತಿದೆಯೇ ಎಂದು ನೋಡಬೇಕು.

ಇಂಥವರಿಗೆ ನಾನು ಮಾತ್ರೆ ಡಬ್ಬಿಯನ್ನೇ ತನ್ನಿ ಅನ್ನುತ್ತೇನೆ. ಹೋದ ತಿಂಗಳು ಒಬ್ಬರು ತಂದ ಡಬ್ಬಿಯ ಲೇಬಲ್ ಎಣ್ಣೆಜಿಡ್ಡಿನಿಂದ ಕಂದಿತ್ತು, ಮುಚ್ಚಳ ಸಡಿಲವಾಗಿತ್ತು. ಎಲ್ಲಿಡುತ್ತೀರಿ ಎಂದು ಕೇಳಿದರೆ, ಮರೆಯಬಾರದೆಂದು ಒಲೆಯ ಮೇಲಿನ ಶೆಲ್ಫಿನಲ್ಲಿ, ಸಾಸಿವೆ ಡಬ್ಬಿ ಪಕ್ಕ ಎಂದರು. ಬಿಸಿ, ಬೆಳಕು, ತೇವ ಮೂರೂ ಈ ಮಾತ್ರೆಗೆ ಆಗದು. ಬೆಡ್‌ರೂಮಿನ ಬೀರುವಿನಲ್ಲಿ, ಅದರದೇ ಡಬ್ಬಿಯಲ್ಲಿ ಬಿಗಿಯಾಗಿ ಮುಚ್ಚಿಡಿ.

ಎರಡನೆಯದು ಕಾಫಿ. ಎದ್ದ ಕೂಡಲೇ ಮಾತ್ರೆ, ಐದೇ ನಿಮಿಷಕ್ಕೆ ಫಿಲ್ಟರ್ ಕಾಫಿ ಅನ್ನುವುದು ನಮ್ಮಲ್ಲಿ ಬಹಳ ಮನೆಗಳ ರೂಢಿ. ಬರೀ ನೀರಿನಲ್ಲಿ ನುಂಗಿ ಅರ್ಧ ಗಂಟೆಯಾದರೂ, ಸಾಧ್ಯವಾದರೆ ಒಂದು ಗಂಟೆ ಬಿಡಿ. ಕಾಫಿ ಬಿಟ್ಟಿರಲು ಆಗದಿದ್ದರೆ ರಾತ್ರಿ ಊಟವಾಗಿ ಮೂರು ಗಂಟೆ ಕಳೆದ ಮೇಲೆ ಮಲಗುವಾಗ ತೆಗೆದುಕೊಳ್ಳಿ, ಅದೂ ಅಷ್ಟೇ ಚೆನ್ನಾಗಿ ಕೆಲಸ ಮಾಡುತ್ತದೆ. ಕ್ಯಾಲ್ಸಿಯಂ, ಕಬ್ಬಿಣದ ಮಾತ್ರೆಗಳಿಗೆ ನಾಲ್ಕು ಗಂಟೆ ಅಂತರ ಇರಲಿ. ಗ್ಯಾಸ್ಟ್ರಿಕ್ ಎಂದು ದಿನವೂ ಮಾತ್ರೆ ನುಂಗುತ್ತಿದ್ದರೆ ಅದನ್ನೂ ವೈದ್ಯರಿಗೆ ಹೇಳಿ. ಇಷ್ಟು ಸರಿಪಡಿಸಿದ ಮೇಲೆ ಆರು ವಾರಕ್ಕೆ ಟಿಎಸ್‌ಎಚ್ ತಪ್ಪದೆ ನೋಡಿಸಿ, ಏಕೆಂದರೆ ಆಗ ಈ 150 ನಿಮಗೆ ಜಾಸ್ತಿಯಾಗಿ ಬಿಡಬಹುದು.

ಪ್ರಶ್ನೆ: ನಾನೀಗ ಏಳು ವಾರದ ಗರ್ಭಿಣಿ. ಮೊದಲಿನಿಂದಲೂ 75 ಮೈಕ್ರೋಗ್ರಾಂ ಮಾತ್ರೆ ಇದೆ. ಮಗುವಿಗೆ ಉಷ್ಣ ಆಗುತ್ತದೆ, ಮೂರು ತಿಂಗಳು ಬಿಡು ಅಂತ ಅತ್ತೆ ಹೇಳುತ್ತಿದ್ದಾರೆ.
— ಓದುಗಿ, ರಾಯಚೂರು

ಉತ್ತರ: ದಯವಿಟ್ಟು ಒಂದು ದಿನವೂ ಬಿಡಬೇಡಿ. ಮೊದಲ ಮೂರು ತಿಂಗಳು ಮಗುವಿನ ಥೈರಾಯ್ಡ್ ಇನ್ನೂ ಕೆಲಸ ಶುರು ಮಾಡಿರುವುದಿಲ್ಲ. ಮಗುವಿನ ಮಿದುಳು ಬೆಳೆಯಲು ಬೇಕಾದ ಹಾರ್ಮೋನ್ ಪೂರ್ತಿ ನಿಮ್ಮಿಂದಲೇ ಹೋಗಬೇಕು. ಬಿಡುವುದಿರಲಿ, ಈಗ ನಿಮಗೆ ಬೇಕಿರುವುದೇ ಹೆಚ್ಚು. ಗರ್ಭ ನಿಂತದ್ದು ತಿಳಿದ ಕೂಡಲೇ ವಾರಕ್ಕೆ 7 ಮಾತ್ರೆಯ ಬದಲು 9 ತೆಗೆದುಕೊಳ್ಳಬೇಕು, ಅಂದರೆ ವಾರದಲ್ಲಿ ಎರಡು ದಿನ ಎರಡೆರಡು ಎಂಬುದು ಅಮೆರಿಕನ್ ಥೈರಾಯ್ಡ್ ಅಸೋಸಿಯೇಷನ್‌ನ 2017ರ ಮಾರ್ಗಸೂಚಿ. ನಿಮ್ಮ ವೈದ್ಯರಿಗೆ ಇವತ್ತೇ ಫೋನ್ ಮಾಡಿ, ಈ ವಾರವೇ ಟಿಎಸ್‌ಎಚ್ ಮಾಡಿಸಿ. ಅದು 2.5ರ ಒಳಗಿರಬೇಕು. ಐದು ತಿಂಗಳು ತುಂಬುವವರೆಗೆ ನಾಲ್ಕು ವಾರಕ್ಕೊಮ್ಮೆ ಪರೀಕ್ಷೆ ಇರಲಿ. ಆಶಾ ಕಾರ್ಯಕರ್ತೆ ಕೊಡುವ ಕಬ್ಬಿಣದ ಮಾತ್ರೆಯನ್ನು ಮಧ್ಯಾಹ್ನದ ಊಟವಾದ ಮೇಲೆ ತೆಗೆದುಕೊಳ್ಳಿ. ಹೆರಿಗೆಯಾದ ಮೇಲೆ ಸಾಮಾನ್ಯವಾಗಿ ಹಳೆಯ ಡೋಸ್‌ಗೇ ಮರಳುತ್ತೇವೆ. ಮಗುವಿಗೆ ಮೂರರಿಂದ ಐದನೇ ದಿನದೊಳಗೆ ಹಿಮ್ಮಡಿಯಿಂದ ರಕ್ತ ತೆಗೆದು ಥೈರಾಯ್ಡ್ ಪರೀಕ್ಷೆ ಮಾಡಿಸುವುದನ್ನು ಮರೆಯಬೇಡಿ. ನಿಮಗೆ ಥೈರಾಯ್ಡ್ ಇರಲಿ ಬಿಡಲಿ, ಹುಟ್ಟುವ ಎಲ್ಲ ಮಕ್ಕಳಿಗೂ ಅದು ಆಗಬೇಕು.

ನಿಮ್ಮ ಅತ್ತೆಯವರಿಗೆ ಮಗುವಿನ ಮೇಲಿನ ಕಾಳಜಿಯಿಂದಲೇ ಆ ಮಾತು ಬಂದಿದೆ. ಮುಂದಿನ ತಪಾಸಣೆಗೆ ಅವರನ್ನೂ ಜೊತೆಗೆ ಕರೆದುಕೊಂಡು ಹೋಗಿ.

ಪ್ರಶ್ನೆ: ಥೈರಾಯ್ಡ್ ಇದ್ದರೆ ಎಲೆಕೋಸು ಬಿಡಬೇಕೇ? ಸೈಂಧವ ಲವಣ ಒಳ್ಳೆಯದೇ?
— ಓದುಗ, ಶಿರಸಿ

ಉತ್ತರ: ಬೇಯಿಸಿದ ಎಲೆಕೋಸು, ಹೂಕೋಸು ಧಾರಾಳವಾಗಿ ತಿನ್ನಿ. ಆದರೆ ಸಾಮಾನ್ಯವಾಗಿ ಸೈಂಧವ ಲವಣದಲ್ಲಿ ಅಯೋಡಿನ್ ಬೆರೆಸಿರುವುದಿಲ್ಲ. ಈಗಿನ ಹಿಮಾಚಲದ ಕಾಂಗ್ರಾ ಕಣಿವೆಯಲ್ಲಿ 1956ರಲ್ಲಿ ಶುರುವಾದ ಡಾ. ರಾಮಲಿಂಗಸ್ವಾಮಿಯವರ ತಂಡದ ಅಧ್ಯಯನ, ಉಪ್ಪಿಗೆ ಅಯೋಡಿನ್ ಬೆರೆಸಿದರೆ ಗಳಗಂಡ ಇಳಿಯುತ್ತದೆ ಎಂದು ತೋರಿಸಿಕೊಟ್ಟಿತು. ಮಕ್ಕಳು, ಬಸುರಿಯರು ಇರುವ ಮನೆಯಲ್ಲಂತೂ ಅಡುಗೆಗೆ ಅಯೋಡಿನ್ ಉಪ್ಪೇ ಇರಲಿ.

ಪ್ರಶ್ನೆ: ಮಗನಿಗೆ 26. ಥೈರಾಯ್ಡ್ ಜಾಸ್ತಿಯಾಗಿದೆ ಎಂದು ಐದು ವಾರದಿಂದ ಕಾರ್ಬಿಮಜೋಲ್ ಕೊಡುತ್ತಿದ್ದಾರೆ. ನಿನ್ನೆಯಿಂದ ಜ್ವರ, ಗಂಟಲುನೋವು. ಕಷಾಯ ಕೊಟ್ಟಿದ್ದೇವೆ.
— ಓದುಗರು, ತುಮಕೂರು

ಉತ್ತರ: ಇವರಿಗೆ ಅಂಕಣಕ್ಕೆ ಕಾಯದೆ ಅದೇ ದಿನ ಫೋನಿನಲ್ಲಿ, ಮಾತ್ರೆ ನಿಲ್ಲಿಸಿ ಇವತ್ತೇ ರಕ್ತಪರೀಕ್ಷೆ ಮಾಡಿಸಿ ಎಂದು ಉತ್ತರಿಸಿದೆ. ಬೇರೆಯವರಿಗೂ ತಿಳಿದಿರಲಿ ಎಂದು ಇಲ್ಲಿ ಬರೆಯುತ್ತಿದ್ದೇನೆ. ಈ ಔಷಧ ಸಾವಿರಕ್ಕೆ ಎರಡರಿಂದ ಐದು ಮಂದಿಯಲ್ಲಿ ಸೋಂಕಿನ ವಿರುದ್ಧ ಹೋರಾಡುವ ಬಿಳಿ ರಕ್ತಕಣಗಳನ್ನು ದಿಢೀರನೆ ಇಳಿಸಿಬಿಡುತ್ತದೆ, ಹೆಚ್ಚಾಗಿ ಮೊದಲ ಮೂರು ತಿಂಗಳಲ್ಲಿ. ಆಗ ಮಾಮೂಲಿ ಗಂಟಲುನೋವೂ ಜೀವಕ್ಕೆ ಎರವಾಗಬಹುದು. ಆ ಹುಡುಗನ ಎಣಿಕೆ ಸರಿಯಾಗಿತ್ತು, ಮರುದಿನವೇ ಮಾತ್ರೆ ಮತ್ತೆ ಶುರುವಾಯಿತು. ಕಾರ್ಬಿಮಜೋಲ್ ತೆಗೆದುಕೊಳ್ಳುವ ಪ್ರತಿಯೊಬ್ಬರ ಚೀಟಿಯ ಮೇಲೂ ನಾನು ಕೆಂಪು ಪೆನ್ನಿನಲ್ಲಿ ಬರೆದುಕೊಡುತ್ತೇನೆ: ಜ್ವರ ಅಥವಾ ಗಂಟಲುನೋವು ಬಂದರೆ ಮಾತ್ರೆ ನಿಲ್ಲಿಸಿ, ಅದೇ ದಿನ ಬಿಳಿ ರಕ್ತಕಣಗಳ ಎಣಿಕೆ ಮಾಡಿಸಿ, ರಿಪೋರ್ಟ್ ಕೈಗೆ ಬರುವವರೆಗೆ ಮುಂದಿನ ಮಾತ್ರೆ ಬೇಡ.