ವಿಡಿಯೋ ಬಂದ ಹಾಡೆಲ್ಲ ಸಿಂಗಲ್ ಅಲ್ಲ

ಆಲ್ಬಂಗೆ ಮೊದಲೇ ಯೂಟ್ಯೂಬಿಗೆ ಬಂದ ಹಾಡನ್ನು ಅಧಿಕೃತ ಸಿಂಗಲ್ (ಆಲ್ಬಂನಿಂದ ಬೇರೆಯಾಗಿ, ಬಿಡಿಯಾಗಿ ಬಿಡುಗಡೆ ಮಾಡಿದ ಹಾಡು) ಎನ್ನಬಹುದೇ ಎಂದು ಕೇಳಿದ್ದೀರಿ. ವಿಡಿಯೋ ಇದ್ದ ಮಾತ್ರಕ್ಕೆ ಆಗದು. ಧ್ವನಿಮುದ್ರಿಕೆ ಕಂಪನಿಯೇ ಅದನ್ನು ಸಿಂಗಲ್ ಎಂದು ಘೋಷಿಸಿ, ಬಿಡಿಯಾಗಿ ಮಾರಿರಬೇಕು ಅಥವಾ ನಿಗದಿತ ದಿನದಂದು ರೇಡಿಯೋ ಕೇಂದ್ರಗಳಿಗೆ ಪ್ರಸಾರಕ್ಕೆಂದು ಕಳುಹಿಸಿರಬೇಕು ಎಂಬುದು ನನ್ನ ಅಭಿಪ್ರಾಯ. ಜನಪ್ರಿಯತೆಯ ಪಟ್ಟಿಯೂ ಒರೆಗಲ್ಲಲ್ಲ: 1996ರಲ್ಲಿ ನೋ ಡೌಟ್ ಎಂಬ ರಾಕ್ ತಂಡದ ‘ಡೋಂಟ್ ಸ್ಪೀಕ್’ ಅಮೆರಿಕದ ರೇಡಿಯೋಗಳಲ್ಲೆಲ್ಲ ಕೇಳಿಬರುತ್ತಿದ್ದರೂ, ಅಲ್ಲಿನ ಅಂಗಡಿಗಳಲ್ಲಿ ಬಿಡಿಯಾಗಿ ಮಾರಾಟಕ್ಕೆ ಬಾರದ ಕಾರಣ ಬಿಲ್‌ಬೋರ್ಡ್ ಪತ್ರಿಕೆಯ ಹಾಟ್ 100 ಎಂಬ ಜನಪ್ರಿಯ ಹಾಡುಗಳ ಪಟ್ಟಿಗೆ ಸೇರಲೇ ಇಲ್ಲ, ಬಿಡಿಯಾಗಿ ಮಾರಿದ ಹಾಡಿಗಷ್ಟೇ ಪಟ್ಟಿಯಲ್ಲಿ ಜಾಗ ಎಂಬ ಆ ನಿಯಮ ಬದಲಾದದ್ದು 1998ರ ಡಿಸೆಂಬರಿನಲ್ಲಿ. ಕಾಸರಗೋಡಿನ ಹಳೆ ಬಸ್ ನಿಲ್ದಾಣದ ಬಳಿ ಇಡೀ ಕ್ಯಾಸೆಟ್ಟನ್ನೇ ಕೊಂಡು ಬೆಳೆದ ನಮಗೆ ಎ ಬದಿ, ಬಿ ಬದಿ ಅಷ್ಟೇ ಗೊತ್ತಿದ್ದದ್ದು, ಹಾಗಾಗಿ ಈ ಗೊಂದಲ ಸಹಜವೇ. ನೀವು ಹೇಳುವ ಹಾಡು ಆಲ್ಬಂ ಮುಂಗಡ ಕಾಯ್ದಿರಿಸಿದವರಿಗೆಂದು ಮಾತ್ರ ಬಿಟ್ಟದ್ದಾದರೆ, ಅದನ್ನು ಪ್ರಚಾರದ ಹಾಡುಗಳ ಸಾಲಿಗೆ ಸೇರಿಸಿ.