ಲಂಡನ್ನಿಗೆ ಏನೇನು ತರಲಿ ಎಂದು ಕೇಳಿದ ತಮ್ಮನಿಗೆ

‘ಅಣ್ಣಾ, ಮುಂದಿನ ತಿಂಗಳು ಲಂಡನ್ನಿಗೆ ಹೊರಟಿದ್ದೀನಿ. 23 ಕಿಲೋ ಲಗೇಜು, ಏನೇನು ತರಲಿ? ಅಲ್ಲಿನ ಜನ ಹೇಗೆ? ಮೂರು ವರ್ಷ ದುಡಿದು ವಾಪಸ್ ಬರಬಹುದಾ?’ ಎಂದು ಕೇಳಿದ್ದೀಯ. ಮೊಳಕಾಲ್ಮೂರಿನ ಮಗ್ಗದ ಮನೆಯ ಹುಡುಗ ಎಂದು ಓದಿದ ಮೇಲೆ ಸುಮ್ನೆ ಇರಲಾಗಲಿಲ್ಲ. ನನ್ನದೂ ಅದೇ ಊರು.

ಸ್ವೆಟರ್ ತರಬೇಡ, ಇಲ್ಲೇ ತಗೋ. ಕುಕ್ಕರ್ ತಾ. ಚಟ್ನಿಪುಡಿ ಅಮ್ಮ ಹೇಗೂ ಕಟ್ಟುತ್ತಾರೆ. ಮನೆ ನೋಡದೆ ಯಾರಿಗೂ ಅಡ್ವಾನ್ಸ್ ಕಳಿಸಬೇಡ, ನಾನು ಕಳಿಸಿ ಕೆಟ್ಟೆ. ವಾಪಸ್ ಹೋಗುವ ಮಾತು ಬಿಡು. ನಾನೂ ಮೂರು ವರ್ಷ ಅಂತಲೇ ಬಂದವನು. ಈಗ 19 ಆಯಿತು.

ಬಂದ ಹೊಸದರಲ್ಲಿ ಭಾನುವಾರ ಏನೂ ತೋಚದೆ ಪೂರ್ವ ಲಂಡನ್ನಿನ ಸ್ಪಿಟಲ್‌ಫೀಲ್ಡ್ಸ್ ಬೀದಿಗಳಲ್ಲಿ ಅಲೆಯುತ್ತಿದ್ದೆ. ಒಂದು ಹಳೇ ಮನೆಯ ಮುಂದೆ ನೂಲು ಸುತ್ತುವ ಮರದ ದೊಡ್ಡ ಕಂಡಿಕೆಯಂಥದ್ದು ನೇತಾಡುತ್ತಿತ್ತು. ಕಣ್ಣು ತುಂಬಿ ಬಂತು. ಆಮೇಲೆ ತಿಳಿಯಿತು, ಅದು ಫ್ರಾನ್ಸಿನಿಂದ ಓಡಿಬಂದ ರೇಷ್ಮೆ ನೇಕಾರರ ನೆನಪಿಗೆ ಕಟ್ಟಿದ್ದು. 1685ರಲ್ಲಿ ಅಲ್ಲಿನ ದೊರೆ 14ನೇ ಲೂಯಿ ಪ್ರಾಟೆಸ್ಟಂಟ್ ಪಂಗಡದ ಕ್ರೈಸ್ತರ ಪೂಜೆ, ಚರ್ಚು ಎಲ್ಲ ನಿಲ್ಲಿಸಿದ. ದೇಶ ಬಿಡುವುದೂ ಅಪರಾಧ. ಸಿಕ್ಕಿಬಿದ್ದ ಗಂಡಸರಿಗೆ ಹಡಗಿನಲ್ಲಿ ಹುಟ್ಟು ಹಾಕುವ ಶಿಕ್ಷೆ. ಹ್ಯೂಗನಾಟ್ ಎನ್ನುವ ಆ ಜನ ಮಗ್ಗ ಹೊತ್ತು ತರಲಾಗುತ್ತಿತ್ತಾ? ಕೈಯಲ್ಲಿದ್ದ ಕಸುಬೊಂದೇ ಲಗೇಜು.

ಜನ ಹೇಗೆ ಅಂದೆಯಲ್ಲ. ಜನ ಎಲ್ಲಾ ಕಡೆ ಜನಾನೇ. ಇದೇ ಬೀದಿಗಳ ನೇಕಾರರು 1719ರಲ್ಲಿ, ನಮ್ಮ ದೇಶದ ಹತ್ತಿ ಬಟ್ಟೆಗೆ ಅಚ್ಚು ಹಾಕಿದ ಚೀಟಿ ಬಟ್ಟೆ ತೊಟ್ಟ ಹೆಂಗಸರನ್ನು ಅಡ್ಡಗಟ್ಟಿ ಮೈಮೇಲಿನದನ್ನೇ ಹರಿದುಹಾಕಿದರು. ರೇಷ್ಮೆಗೆ ಗಿರಾಕಿ ಕಮ್ಮಿಯಾಗಿತ್ತು. 1721ರಲ್ಲಿ ಅಚ್ಚು ಹಾಕಿದ ಹತ್ತಿ ಬಟ್ಟೆ ತೊಡಬಾರದು ಎಂದು ಕಾನೂನೇ ಬಂತು. ಹೊಟ್ಟೆಪಾಡು.

ಆ ಕಾಲದವನೇ ಜೇಮ್ಸ್ ಲೆಮನ್. ಹ್ಯೂಗನಾಟ್ ಮನೆತನದವನು. ತಾನೇ ನಕ್ಷೆ ಬರೆದು, ತಾನೇ ನೇಯಿಸಿ ಮಾರುತ್ತಿದ್ದ. ಎರಡೂ ಬಲ್ಲವರು ಅಪರೂಪ, ನಮ್ಮಲ್ಲೂ ಅಷ್ಟೇ ಅಲ್ವಾ? ನಕ್ಷೆಯ ಹೂವನ್ನು ತಾನೇ ಎತ್ತುವ ಜಕಾರ್ಡ್ ಯಂತ್ರ ಇನ್ನೂ ಹುಟ್ಟಿರಲಿಲ್ಲ. ಹೂ ಎತ್ತಲು ಮಗ್ಗದ ಪಕ್ಕ ಒಬ್ಬ ಹುಡುಗ ನಿಂತು ದಾರ ಎಳೆಯಬೇಕಿತ್ತು. ಲೆಮನ್ ಇಪ್ಪತ್ತರ ವಯಸ್ಸಿನ ಆಸುಪಾಸಿನಲ್ಲಿ ಬರೆದ 90 ಚಿಲ್ಲರೆ ನಕ್ಷೆಗಳು ಇಲ್ಲಿನ ವಿಕ್ಟೋರಿಯಾ ಅಂಡ್ ಆಲ್ಬರ್ಟ್ ಮ್ಯೂಸಿಯಂನಲ್ಲಿವೆ. ಅಲ್ಲಿ ಬಣ್ಣ ಅಂದರೆ ಬರೀ ಬಣ್ಣವಲ್ಲ, ಯಾವ ನೂಲು ಎಂಬ ಗುರುತು. ಹಳದಿ ಇದ್ದರೆ ಸಾಮಾನ್ಯವಾಗಿ ಚಿನ್ನದ ಜರಿ. ತಾರೀಕು ಹಾಕಿ, ಇದು ನಮ್ಮಪ್ಪನಿಗಾಗಿ ನಾನು ಬರೆದದ್ದು ಎಂದೂ ಬರೆದಿದ್ದಾನೆ. ಅಪ್ಪನ ಹೆಸರು ಪೀಟರ್. 300 ವರ್ಷದ ಮೇಲೂ ಓದಬಹುದು.

ನಮ್ಮಪ್ಪ ಗ್ರಾಫ್ ಹಾಳೆಯ ಚೌಕಗಳಲ್ಲಿ ಕೆಂಪು ಪೆನ್ಸಿಲ್ಲಿನಿಂದ ನವಿಲು ಕೂರಿಸುತ್ತಿದ್ದರು. ಅಕ್ಕನ ಧಾರೆ ಸೀರೆಯ ಸೆರಗು ಆ ಕೈಯದೇ. ತಪ್ಪಾದರೆ ಎಂಜಲು ಹಚ್ಚಿದ ಬೆರಳಿನಿಂದ ಉಜ್ಜುತ್ತಿದ್ದರು, ಆ ಜಾಗದಲ್ಲಿ ಹಾಳೆ ತೆಳ್ಳಗಾಗಿರುತ್ತಿತ್ತು. ಅವರು ತೀರಿಕೊಂಡ ವರ್ಷ ನನ್ನ ತಮ್ಮ ಫೋನ್ ಮಾಡಿದ. ‘ಅಟ್ಟದ ಮೇಲೆ ಅಪ್ಪನ ಪೇಪರ್ ರಾಶಿ ಇದೆ, ಏನ್ ಮಾಡ್ಲಿ?’ ನಾನು ಮೀಟಿಂಗಿನಲ್ಲಿದ್ದೆ. ‘ತೂಕಕ್ಕೆ ಹಾಕು’ ಎಂದೆ. ಹಾಕಿದ. ಲೆಮನ್ನನ ಹಾಳೆ ನೋಡಿದ್ದು ಅದಾದ ಎರಡು ವರ್ಷಕ್ಕೆ.

ನೀನು ಹೊರಡುವ ಮೊದಲು ಅಟ್ಟ ಹತ್ತು. ಹಾಳೆಗಳಿದ್ದರೆ ಒಂದೊಂದರ ಮೇಲೂ ಅಪ್ಪನ ಕೈಯಲ್ಲೇ ಹೆಸರು, ಇಸವಿ, ಯಾರ ಸೀರೆಗೆ ಬರೆದದ್ದು ಎಂದು ಬರೆಸಿಕೋ. ನಾಲ್ಕನ್ನಾದರೂ ಮಡಚದೆ ಸುತ್ತಿ ಕೈಚೀಲದಲ್ಲಿ ತಾ. ಜಾಗ ಸಾಲದಿದ್ದರೆ ಕುಕ್ಕರ್ ಬಿಟ್ಟು ಬಾ, ನನ್ನ ಹತ್ತಿರ ಎರಡಿವೆ.